ಬದಲಿ, ಟ್ರೈನಿ, ಹೊರಗುತ್ತಿಗೆ: ಸಾರಿಗೆ ನಿಗಮದಲ್ಲಿ ಕಾಯಂ ಆಗಲು ಕಾನೂನಿನ ದಾರಿ

"240 ದಿನ ಡ್ಯೂಟಿ ಮುಗಿಸಿದೀನಿ, ಇನ್ನು ನನ್ನ ಕಾಯಂ ಮಾಡಲೇಬೇಕು ಅಲ್ವಾ?"

ಸಾರಿಗೆ ನೌಕರರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಉತ್ತರ: ಇಲ್ಲ. 240 ದಿನ ಮುಗಿಸಿದರೆ ನಿಮ್ಮನ್ನು ನೋಟಿಸ್, ಪರಿಹಾರ ಯಾವುದೂ ಇಲ್ಲದೆ ಸುಮ್ನೆ ಮನೆಗೆ ಕಳಿಸುವಂತಿಲ್ಲ, ಅಷ್ಟೇ. ಕಾಯಂ ಆಗೋದು ಬೇರೆಯದೇ ಲೆಕ್ಕ. ಈ ಎರಡನ್ನೂ ಕಲಸಿಕೊಂಡು ಕೇಸು ಹಾಕಿ ಸೋತವರು ತುಂಬಾ ಜನ.

ಈ ಲೇಖನ ಕೆ.ಎಸ್.ಆರ್.ಟಿ.ಸಿ, ಬಿ.ಎಂ.ಟಿ.ಸಿ, ವಾಯವ್ಯ ಮತ್ತು ಕಲ್ಯಾಣ ಕರ್ನಾಟಕ, ಈ ನಾಲ್ಕೂ ನಿಗಮಗಳ ಬಸ್ಸು ಮತ್ತು ಡಿಪೋಗಳಲ್ಲಿ ಕಾಯಂ ಆಗದೆ ದುಡಿಯುತ್ತಿರುವ ಚಾಲಕರು, ನಿರ್ವಾಹಕರು, ಮೆಕ್ಯಾನಿಕ್‌ಗಳು, ಸ್ವಚ್ಛತಾ ಕೆಲಸದವರಿಗಾಗಿ. ವಕೀಲರ ಬದಲಿಗೆ ಇದನ್ನೇ ನಂಬಿಕೊಳ್ಳಬೇಡಿ. ವಕೀಲರ ಹತ್ತಿರ ಹೋಗುವಾಗ ಕೈಯಲ್ಲಿ ಏನಿರಬೇಕು, ಬಾಯಲ್ಲಿ ಏನು ಕೇಳಬೇಕು ಅನ್ನೋದಕ್ಕೆ ಇಟ್ಟುಕೊಳ್ಳಿ.

ಹಂತ 1: ನೀವು ಯಾವ ಗುಂಪಿನವರು ಅಂತ ಮೊದಲು ಗೊತ್ತು ಮಾಡಿಕೊಳ್ಳಿ

ಡಿಪೋದಲ್ಲಿ ಎಲ್ಲರನ್ನೂ "ಟೆಂಪರರಿ" ಅಂತ ಒಂದೇ ಹೆಸರಲ್ಲಿ ಕರೆಯುತ್ತಾರೆ. ಕಾನೂನಿನ ಕಣ್ಣಿಗೆ ಇಲ್ಲಿ ಕನಿಷ್ಠ ನಾಲ್ಕು ಗುಂಪು ಇವೆ.

ನಿಗಮವೇ ನೇರವಾಗಿ ತೆಗೆದುಕೊಂಡ ಬದಲಿ ಅಥವಾ ದಿನಗೂಲಿ ನೌಕರರು ಮೊದಲನೆಯವರು. ಬದಲಿ ಅಂದರೆ ಕಾಯಂ ನೌಕರ ರಜೆ ಹಾಕಿದಾಗ ಆ ಜಾಗಕ್ಕೆ ಬರುವವರು. 2005ರಲ್ಲಿ ಕೆ.ಎಸ್.ಆರ್.ಟಿ.ಸಿ ವಿರುದ್ಧ ಕೊಟ್ಟೂರಪ್ಪ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ನೆನಪಿರಲಿ: ಬದಲಿಯಾಗಿ ಇರುವಷ್ಟು ಕಾಲ ಕಾಯಂ ನೌಕರನ ಸ್ಥಾನಮಾನ ಸಿಗುವುದಿಲ್ಲ, ಬರೀ 240 ದಿನ ತುಂಬಿದ ಮಾತ್ರಕ್ಕೂ ಸಿಗುವುದಿಲ್ಲ. ಆ ಪ್ರಕರಣ ನಿಮ್ಮ ನಿಗಮದ ನಿರ್ವಾಹಕರೊಬ್ಬರದೇ. ಎದುರಿನ ವಕೀಲರು ಅದನ್ನು ಎತ್ತೇ ಎತ್ತುತ್ತಾರೆ.

ಎರಡನೆಯವರು ಟ್ರೈನಿ ಮತ್ತು ಪ್ರೊಬೇಷನರಿ, ಅಂದರೆ ಕಾಯಂ ಆಗುವ ಮೊದಲಿನ ಪರೀಕ್ಷಾ ಅವಧಿಯಲ್ಲಿ ಇರುವವರು. ಇವರು ಅಧಿಸೂಚನೆ, ಆಯ್ಕೆ ಪಟ್ಟಿ ದಾಟಿ ಬಂದವರು. ಹಾಗಾಗಿ ಇವರ ಹಾದಿ ಸುಲಭ, ಆದರೆ ಅವಧಿ ಮುಗಿದ ತಕ್ಷಣ ತಾನಾಗೇ ಕಾಯಂ ಆಗಿಬಿಡುತ್ತದೆ ಅನ್ನೋದು ತಪ್ಪು. ನಿಯಮದಲ್ಲಿ ಗರಿಷ್ಠ ಅವಧಿ ಅಂತ ಕಟ್ಟುನಿಟ್ಟಾಗಿ ಹೇಳಿಲ್ಲದಿದ್ದರೆ ಕಾಯಂ ಆದೇಶ ಬರೆದೇ ಬರಬೇಕು. ಅವಧಿ ಮುಗಿದ ವಾರವೇ ಅರ್ಜಿ ಕೊಡಿ.

ಮೂರನೆಯವರು ಐಟಿಐ ಮುಗಿಸಿ ಡಿಪೋ ವರ್ಕ್‌ಶಾಪ್‌ಗೆ ಬಂದ ಅಪ್ರೆಂಟಿಸ್‌ಗಳು. 1961ರ ಅಪ್ರೆಂಟಿಸ್ ಕಾಯ್ದೆ ಪ್ರಕಾರ ಇವರು ಕಲಿಯುವವರು, ಕಾರ್ಮಿಕರಲ್ಲ. ಕಲಿಕೆ ಮುಗಿದ ಮೇಲೆ ಕೆಲಸ ಕೊಡುವ ಹೊಣೆ ನಿಗಮಕ್ಕಿಲ್ಲ. ಆದರೂ 1995ರಲ್ಲಿ ಉತ್ತರ ಪ್ರದೇಶ ಸಾರಿಗೆ ನಿಗಮದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಮಾತು ಹೇಳಿದೆ. ಬಾಕಿ ಎಲ್ಲ ಅರ್ಹತೆ ಸಮ ಇದ್ದಾಗ ತರಬೇತಿ ಪಡೆದ ಅಪ್ರೆಂಟಿಸ್‌ಗೆ ಹೊರಗಿನವರಿಗಿಂತ ಮೊದಲ ಆದ್ಯತೆ. ನೇಮಕಾತಿ ಅಧಿಸೂಚನೆ ಬಂದಾಗ ಅಪ್ರೆಂಟಿಸ್ ಪ್ರಮಾಣಪತ್ರ ಲಗತ್ತಿಸಿ ಇದನ್ನು ಕೇಳಿ.

ನಾಲ್ಕನೆಯವರು ಏಜೆನ್ಸಿ ಮೂಲಕ ಬಂದ ಹೊರಗುತ್ತಿಗೆ ನೌಕರರು. ಬೆಂಗಳೂರಿನ ಎಲೆಕ್ಟ್ರಿಕ್ ಬಸ್‌ಗಳನ್ನೇ ನೋಡಿ. ಟಿಕೆಟ್ ಕೊಡುವವರು ನಿಗಮದವರು, ಸ್ಟೀರಿಂಗ್ ಹಿಡಿದವರು ಬಸ್ ಪೂರೈಸಿದ ಕಂಪನಿಯವರು. ಒಂದೇ ಬಸ್ಸಿನಲ್ಲಿ ಇಬ್ಬರು, ಇಬ್ಬರು ಯಜಮಾನರು. ಇವರ ದಾರಿ ಎಲ್ಲರಿಗಿಂತ ಕಷ್ಟ. ಅದಕ್ಕೇ ಕೆಳಗೆ ಬೇರೆಯಾಗಿ ಬರೆದಿದ್ದೇನೆ.

ಹಂತ 2: ಒಳಗೆ ಬಂದಿದ್ದು ಹೇಗೆ? ಹುದ್ದೆ ಮಂಜೂರಾಗಿತ್ತಾ?

ಇಡೀ ಕೇಸು ನಿಲ್ಲೋದು ಈ ಎರಡು ಪ್ರಶ್ನೆಗಳ ಮೇಲೆ. ಕಾರಣ 2006ರ ಏಪ್ರಿಲ್ 10ರ ಉಮಾದೇವಿ ತೀರ್ಪು. ದೇಶದಲ್ಲಿ ಎಲ್ಲಿ ಸಕ್ರಮಾತಿ ಕೇಳಿದರೂ, ಅಂದರೆ ತಾತ್ಕಾಲಿಕ ಸೇವೆಯನ್ನು ಕಾಯಂ ಮಾಡಿ ಅಂತ ಎಲ್ಲಿ ಕೇಳಿದರೂ, ಅಡ್ಡ ಬರುವ ಈ ತೀರ್ಪು ಹುಟ್ಟಿದ್ದು ನಮ್ಮ ಕರ್ನಾಟಕದ ದಿನಗೂಲಿ ನೌಕರರ ಪ್ರಕರಣದಿಂದಲೇ. ಐವರು ನ್ಯಾಯಮೂರ್ತಿಗಳ ಪೀಠ ಹೇಳಿದ್ದು ಇಷ್ಟು: ಸರ್ಕಾರಿ ಸಂಸ್ಥೆಗಳಲ್ಲಿ ಹಿಂಬಾಗಿಲಿನಿಂದ ಬಂದವರು ಬಹಳ ವರ್ಷ ದುಡಿದರು ಅನ್ನೋ ಒಂದೇ ಕಾರಣಕ್ಕೆ ಕಾಯಂ ಕೇಳುವಂತಿಲ್ಲ.

ಅದೇ ತೀರ್ಪಿನ 53ನೇ ಪ್ಯಾರಾದಲ್ಲಿ ಒಂದು ಕಿಂಡಿ ಇದೆ. ಮಂಜೂರಾಗಿ ಖಾಲಿ ಇರುವ ಹುದ್ದೆ, ಅದಕ್ಕೆ ಬೇಕಾದ ವಿದ್ಯಾರ್ಹತೆ, ಕೋರ್ಟ್ ತಡೆಯಾಜ್ಞೆಯ ಬಲವಿಲ್ಲದೆ 10 ವರ್ಷ ಸೇವೆ. ಈ ಮೂರೂ ಇದ್ದವರನ್ನು ಒಂದು ಸಲದ ಕ್ರಮವಾಗಿ ಸಕ್ರಮ ಮಾಡಿ ಅಂತ ಕೋರ್ಟ್ ಹೇಳಿತು. ಇಲ್ಲಿ "ಅಕ್ರಮ" ಮತ್ತು "ಕ್ರಮಬದ್ಧವಲ್ಲದ" ನೇಮಕ ಬೇರೆ ಬೇರೆ. ಅರ್ಹತೆಯೇ ಇಲ್ಲದವರನ್ನು, ಹುದ್ದೆಯೇ ಇಲ್ಲದ ಕಡೆ ತೆಗೆದುಕೊಂಡರೆ ಅದು ಅಕ್ರಮ, ಸರಿಪಡಿಸಲಾಗದು. ಅರ್ಹತೆ, ಹುದ್ದೆ ಎರಡೂ ಇದ್ದು ಆಯ್ಕೆಯ ವಿಧಾನದಲ್ಲಿ ಮಾತ್ರ ಕೊರತೆ ಇದ್ದರೆ ಅದು ಕ್ರಮಬದ್ಧವಲ್ಲದ ನೇಮಕ, ಸರಿಪಡಿಸಬಹುದು. 2010ರ ಕೇಸರಿ ಪ್ರಕರಣ, ಅದೂ ಕರ್ನಾಟಕದ್ದೇ, ಇನ್ನೊಂದು ಮಾತು ಸೇರಿಸಿತು. 2006ರ ಆ ದಿನಕ್ಕೆ 10 ವರ್ಷ ಮುಗಿಸಿದ್ದ ಅರ್ಹರೆಲ್ಲರನ್ನೂ ಪರಿಶೀಲಿಸುವ ತನಕ "ಒಂದು ಸಲದ ಕ್ರಮ" ಮುಗಿದಂತಲ್ಲ.

"ನಾನು ಸೇರಿದ್ದೇ 2012ರಲ್ಲಿ, ನನ್ನ ಕಥೆ?" ಅಂತ ಕೇಳಬಹುದು. ಆ ಕಿಂಡಿ ನಿಮಗೆ ನೇರವಾಗಿ ತೆರೆಯುವುದಿಲ್ಲ. ನಿಮಗೆ ಬಲ ಕೊಡುವುದು ಈಚಿನ ತೀರ್ಪುಗಳು. 2024ರ ಡಿಸೆಂಬರ್ 20ರ ಜಗ್ಗೋ ಪ್ರಕರಣ ಕೇಂದ್ರ ಜಲ ಆಯೋಗದಲ್ಲಿ ದಶಕಗಳ ಕಾಲ ಗುಡಿಸಿ, ಗಿಡ ನೋಡಿಕೊಂಡ ಅರೆಕಾಲಿಕ ನೌಕರರದ್ದು. ಕಾಯಂ ಸ್ವರೂಪದ ಕೆಲಸ ಮಾಡಿಸಿಕೊಂಡು "ತಾತ್ಕಾಲಿಕ" ಅಂತ ಹಣೆಪಟ್ಟಿ ಹಚ್ಚಿ, ಉಮಾದೇವಿ ತೀರ್ಪನ್ನು ಗುರಾಣಿ ಮಾಡಿಕೊಳ್ಳಬೇಡಿ ಅಂತ ಕೋರ್ಟ್ ಅಲ್ಲಿ ಸರ್ಕಾರಕ್ಕೆ ಹೇಳಿತು. 2025ರ ಜನವರಿಯ ಶ್ರೀಪಾಲ್ ಪ್ರಕರಣ ಗಾಜಿಯಾಬಾದ್ ಪಾಲಿಕೆಯ ತೋಟಗಾರರದ್ದು. ಅದೇ ವರ್ಷ ಆಗಸ್ಟ್‌ನ ಧರಮ್ ಸಿಂಗ್ ಪ್ರಕರಣದಲ್ಲಿ "ದುಡ್ಡಿಲ್ಲ" ಅನ್ನೋ ನೆಪವೊಂದೇ ಸಾಲದು ಅಂದಿತು. ಇವೆಲ್ಲ ಒಳ್ಳೆಯ ಆಯುಧಗಳೇ. ಆದರೆ ಉಮಾದೇವಿ ತೀರ್ಪನ್ನು ಇವು ಅಳಿಸಿಲ್ಲ. ಐವರ ಪೀಠದ ತೀರ್ಪನ್ನು ಇಬ್ಬರ ಪೀಠ ಅಳಿಸಲಾಗದು. "ಕಾನೂನು ಬದಲಾಗಿದೆ, ಎಲ್ಲರೂ ಪರ್ಮನೆಂಟ್" ಅಂತ ವಾಟ್ಸಾಪ್‌ನಲ್ಲಿ ಹರಿದಾಡುವ ಸುದ್ದಿ ನಂಬಬೇಡಿ.

ಹಂತ 3: ಕೆಲಸದಲ್ಲಿ ಇರುವಾಗಲೇ ಕಾಗದ ಕೂಡಿಡಿ

ನನ್ನ ಪ್ರಕಾರ ಎಲ್ಲಕ್ಕಿಂತ ಮುಖ್ಯ ಹಂತ ಇದೇ. ಜನ ಕೆಲಸ ಹೋದ ಮೇಲೆ ಕಾಗದ ಹುಡುಕಲು ಶುರು ಮಾಡುತ್ತಾರೆ. ಆಗ ಗೇಟ್ ಒಳಗೇ ಬಿಡುವುದಿಲ್ಲ.

ಯಾಕೆ ಇಷ್ಟು ಒತ್ತಿ ಹೇಳ್ತೀನಿ ಅಂದರೆ, 2002ರ ಹಾದಿಮನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ. 240 ದಿನ ದುಡಿದೆ ಅಂತ ಸಾಬೀತು ಮಾಡುವ ಹೊಣೆ ನೌಕರನದು, ಅವನೇ ಪ್ರಮಾಣ ಮಾಡಿ ಬರೆದುಕೊಟ್ಟ ಅಫಿಡವಿಟ್ ಒಂದೇ ಸಾಲದು. ನಂತರ ಯಲ್ಲಟ್ಟಿ ಪ್ರಕರಣ ಬಂತು. ಆ ದಿನಗೂಲಿ ನೌಕರನ ಕೈಯಲ್ಲಿ ಹಿಂದಿನ ಇಂಜಿನಿಯರ್ ಬರೆದುಕೊಟ್ಟ ಒಂದೇ ಒಂದು ಸೇವಾ ಪತ್ರ ಇತ್ತು. ಇಲಾಖೆ ಮಸ್ಟರ್ ರೋಲ್ (ದಿನಗೂಲಿಯವರ ಹಾಜರಿ ಪಟ್ಟಿ) ಪೂರ್ತಿ ಹಾಜರು ಮಾಡಲಿಲ್ಲ. ನೌಕರ ಗೆದ್ದ. ಇವೆರಡೂ ನಮ್ಮ ರಾಜ್ಯದ ಪ್ರಕರಣಗಳೇ. ಸೋಲು ಗೆಲುವಿನ ನಡುವೆ ಇದ್ದದ್ದು ಒಂದು ಹಾಳೆ.

ಕೂಡಿಡಬೇಕಾದವು: ಸೇರುವಾಗ ಕೊಟ್ಟ ಆದೇಶ ಅಥವಾ ನಿಯೋಜನೆ ಪತ್ರ, ಗುರುತಿನ ಚೀಟಿಯ ಎರಡೂ ಬದಿ, ಸಂಬಳದ ಚೀಟಿಗಳು, ಸಂಬಳ ಜಮೆಯಾದ ಬ್ಯಾಂಕ್ ಪಾಸ್‌ಬುಕ್, ಪಿಎಫ್ ಪಾಸ್‌ಬುಕ್, ಇಎಸ್ಐ ದಾಖಲೆ. ಪಿಎಫ್ ಪಾಸ್‌ಬುಕ್‌ನಲ್ಲಿ ಯಾವ ಸಂಸ್ಥೆಯ ಹೆಸರಿದೆ ಅಂತ ಇವತ್ತೇ ನೋಡಿ. ನಿಮ್ಮ ಯಜಮಾನ ಯಾರು ಅನ್ನೋ ವಾದದಲ್ಲಿ ಅದು ಮಾತಾಡುತ್ತದೆ.

ಇವುಗಳ ಜೊತೆಗೆ ದಿನದ ಡ್ಯೂಟಿಯ ಗುರುತುಗಳು. ನಿಮ್ಮ ಹೆಸರು ಬಂದಿರುವ ಡ್ಯೂಟಿ ಪಟ್ಟಿ, ಟೋಕನ್ ಸಂಖ್ಯೆ ಇರುವ ವೇ ಬಿಲ್ ಅಥವಾ ಲಾಗ್‌ಶೀಟ್ ಪ್ರತಿ, ಕೊಟ್ಟ ಮೆಮೋ. ಹೌದು, ಮೆಮೋ ಕೂಡ! ತಡವಾಗಿ ಬಂದಿದ್ದಕ್ಕೆ ಕೊಟ್ಟ ಮೆಮೋ ಹರಿದು ಬಿಸಾಡುತ್ತಾರೆ. ಆ ದಿನ ನೀವು ನಿಗಮದ ಕೈಕೆಳಗೆ ಕೆಲಸದಲ್ಲಿದ್ದಿರಿ ಅಂತ ನಿಗಮವೇ ಬರೆದುಕೊಟ್ಟ ಪುರಾವೆ ಅದು.

ಒಂದು ಸಣ್ಣ ನೋಟ್‌ಬುಕ್ ಇಡಿ. ತಾರೀಖು, ಅನುಸೂಚಿ ಸಂಖ್ಯೆ, ಬಸ್ ನಂಬರ್, ಜೊತೆಗಿದ್ದ ಚಾಲಕ ಅಥವಾ ನಿರ್ವಾಹಕ. ದಿನಾ ಒಂದು ಸಾಲು. ಇದೊಂದೇ ಸಾಕ್ಷಿ ಆಗುವುದಿಲ್ಲ, ಆದರೆ ಎಂಟು ವರ್ಷದ ನಂತರ ಯಾವ ತಿಂಗಳ ಯಾವ ದಾಖಲೆ ಕೇಳಬೇಕು ಅಂತ ಇದೇ ನೆನಪಿಸುತ್ತದೆ.

ಎಚ್ಚರಿಕೆ: ಡಿಪೋದ ಮೂಲ ಪುಸ್ತಕ, ರಿಜಿಸ್ಟರ್ ಮನೆಗೆ ತರಬೇಡಿ. ಅದು ಕಳವಿನ ಆರೋಪಕ್ಕೆ ದಾರಿ. ನಿಮ್ಮ ಕೈಗೆ ಬಂದ ಕಾಗದದ ಪ್ರತಿ ಸಾಕು. ಡಿಎಲ್, ಬ್ಯಾಡ್ಜ್, ಕಂಡಕ್ಟರ್ ಲೈಸೆನ್ಸ್ ಒಂದು ದಿನವೂ ಲ್ಯಾಪ್ಸ್ ಆಗದಂತೆ ನೋಡಿಕೊಳ್ಳಿ. ಅರ್ಹತೆಯ ಪ್ರಶ್ನೆ ಬಂದಾಗ ಆ ಸಂದು ಹಿಡಿದೇ ಎಳೆಯುತ್ತಾರೆ.

240 ದಿನ ಎಣಿಸೋದು ಹೇಗೆ

ಹಿಂದಿನ 12 ತಿಂಗಳು ತೆಗೆದುಕೊಳ್ಳಿ. ಕ್ಯಾಲೆಂಡರ್ ವರ್ಷವೇ ಆಗಬೇಕಿಲ್ಲ. ಬರೀ ಡ್ಯೂಟಿ ದಿನ ಎಣಿಸಿ ಕೈಚೆಲ್ಲಬೇಡಿ. ಸಂಬಳ ಕೊಟ್ಟ ವಾರದ ರಜೆ, ಸಂಬಳ ಸಹಿತ ಹಬ್ಬದ ರಜೆಗಳೂ ಸೇರುತ್ತವೆ ಅಂತ 1985ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಡ್ಯೂಟಿಯಲ್ಲಿ ಗಾಯವಾಗಿ ಮನೆಯಲ್ಲಿದ್ದ ದಿನ, ಮಹಿಳೆಯರಿಗೆ 26 ವಾರದವರೆಗಿನ ಹೆರಿಗೆ ರಜೆ ಕೂಡ ಲೆಕ್ಕಕ್ಕೆ ಬರುತ್ತವೆ. ತಿಂಗಳಿಗೆ 17 ಡ್ಯೂಟಿಯಂತೆ ವರ್ಷಕ್ಕೆ 204 ಆಯಿತು ಅಂತಿಟ್ಟುಕೊಳ್ಳಿ. ಸಂಬಳ ಕೊಟ್ಟ ವಾರದ ರಜೆ 40 ಇದ್ದರೆ 244. ದಾಟಿದಿರಿ.

ಹಂತ 4: ಮಾಹಿತಿ ಹಕ್ಕಿನಲ್ಲಿ ಕೇಳಿ

ನಿಗಮಗಳು ಮಾಹಿತಿ ಹಕ್ಕು ಕಾಯ್ದೆಗೆ ಒಳಪಡುತ್ತವೆ. ಅರ್ಜಿ ಶುಲ್ಕ 10 ರೂಪಾಯಿ, ಪೋಸ್ಟಲ್ ಆರ್ಡರ್ ಆದರೆ ಸಾಕು. ಬಿಪಿಎಲ್ ಕಾರ್ಡ್ ಇದ್ದರೆ ಅದೂ ಬೇಡ. ಕರ್ನಾಟಕದ ನಿಯಮದ ಪ್ರಕಾರ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದದೊಳಗೆ. ನಾಲ್ಕು ಪುಟದ ಅಳಲು ಬರೆದು ತಿರಸ್ಕಾರ ಮಾಡಿಸಿಕೊಳ್ಳಬೇಡಿ. ಎರಡು ಬೇರೆ ಅರ್ಜಿ ಹಾಕಿ.

ಮೊದಲನೆಯದು ಹೀಗಿರಲಿ: "ನಾನು ... ಘಟಕದಲ್ಲಿ ಬದಲಿ ನಿರ್ವಾಹಕನಾಗಿ ಕೆಲಸ ಮಾಡುತ್ತಿದ್ದೇನೆ. ದಿನಾಂಕ ...ರಿಂದ ...ರವರೆಗಿನ ನನ್ನ ಹಾಜರಾತಿ ಮತ್ತು ವೇತನ ಪಾವತಿ ದಾಖಲೆಯ ದೃಢೀಕೃತ ಪ್ರತಿ ಕೊಡಿ."

ಎರಡನೆಯದು: "... ವಿಭಾಗದಲ್ಲಿ ನಿರ್ವಾಹಕರ ಮಂಜೂರಾದ ಹುದ್ದೆ ಎಷ್ಟು, ಭರ್ತಿಯಾದದ್ದು ಎಷ್ಟು, ಖಾಲಿ ಎಷ್ಟು, ಪ್ರತಿ ವರ್ಷದ ಮಾರ್ಚ್ 31ಕ್ಕೆ ಇದ್ದಂತೆ ಕೊಡಿ."

30 ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ 30 ದಿನದೊಳಗೆ ಮೊದಲ ಮೇಲ್ಮನವಿ, ಅಲ್ಲೂ ಆಗದಿದ್ದರೆ 90 ದಿನದೊಳಗೆ ಕರ್ನಾಟಕ ಮಾಹಿತಿ ಆಯೋಗ. ಸಹೋದ್ಯೋಗಿಗಳ ವೈಯಕ್ತಿಕ ದಾಖಲೆ ಕೇಳಬೇಡಿ, ಅಷ್ಟಕ್ಕೇ ಇಡೀ ಅರ್ಜಿ ಸಿಕ್ಕಿಹಾಕಿಕೊಳ್ಳುತ್ತದೆ.

ಹಂತ 5: ಬೇಡಿಕೆ ಪತ್ರ ಕೊಡಿ, ಒಬ್ಬರೇ ಅಲ್ಲ

ಇಲ್ಲಿ ತುಂಬಾ ಜನಕ್ಕೆ ಗೊತ್ತಿಲ್ಲದ ಒಂದು ಗುಂಡಿ ಇದೆ. ನಿಮ್ಮನ್ನು ಕೆಲಸದಿಂದ ತೆಗೆದರೆ ನೀವೊಬ್ಬರೇ ಕೈಗಾರಿಕಾ ವಿವಾದ ಎಬ್ಬಿಸಬಹುದು. ಆದರೆ "ಕಾಯಂ ಮಾಡಿ" ಅನ್ನೋ ಬೇಡಿಕೆ ಒಬ್ಬರ ವಿವಾದ ಆಗುವುದಿಲ್ಲ. ಯೂನಿಯನ್ ಅಥವಾ ಸಾಕಷ್ಟು ಸಂಖ್ಯೆಯ ನೌಕರರು ಬೆನ್ನಿಗಿರಬೇಕು. ಹಾಗಾಗಿ ನಿಮ್ಮಂತೆ ಇರುವವರನ್ನು ಸೇರಿಸಿ, ಯೂನಿಯನ್‌ನಿಂದ ಠರಾವು ಮಾಡಿಸಿ.

ಪತ್ರವನ್ನು ಘಟಕ ವ್ಯವಸ್ಥಾಪಕರು, ವಿಭಾಗೀಯ ನಿಯಂತ್ರಣಾಧಿಕಾರಿ, ವ್ಯವಸ್ಥಾಪಕ ನಿರ್ದೇಶಕರು ಮೂವರಿಗೂ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ಪ್ರತಿಯೊಬ್ಬರ ಹೆಸರು, ಟೋಕನ್ ಸಂಖ್ಯೆ, ಸೇರಿದ ದಿನ, ಮಾಡುತ್ತಿರುವ ಕೆಲಸ ಇರುವ ಪಟ್ಟಿ ಲಗತ್ತಿಸಿ. "ದಯಮಾಡಿ ಕನಿಕರ ತೋರಿ" ಅಂತ ಬರೆಯಬೇಡಿ. ನೀವು ಹಕ್ಕು ಕೇಳುತ್ತಿದ್ದೀರಿ.

ಹಂತ 6: ಕಾರ್ಮಿಕ ಇಲಾಖೆಯ ಬಾಗಿಲು

2025ರ ನವೆಂಬರ್ 21ರಿಂದ 1947ರ ಕೈಗಾರಿಕಾ ವಿವಾದ ಕಾಯ್ದೆಯ ಜಾಗಕ್ಕೆ 2020ರ ಇಂಡಸ್ಟ್ರಿಯಲ್ ರಿಲೇಷನ್ಸ್ ಕೋಡ್ ಬಂದಿದೆ. ಹಳೆಯ ಕಲಂ ಸಂಖ್ಯೆ ಬಾಯಿಪಾಠ ಮಾಡಿಕೊಂಡವರು ಎಚ್ಚರ.

ಮೊದಲು ಸಂಧಾನಾಧಿಕಾರಿಗೆ ಅರ್ಜಿ. ಸಂಧಾನಾಧಿಕಾರಿ ಅಂದರೆ ಎರಡೂ ಕಡೆಯವರನ್ನು ಕೂರಿಸಿ ರಾಜಿಗೆ ನೋಡುವ ಕಾರ್ಮಿಕ ಇಲಾಖೆಯ ಅಧಿಕಾರಿ. ತೀರ್ಪು ಕೊಡುವ ಅಧಿಕಾರ ಅವರಿಗಿಲ್ಲ. ವಿವಾದ ಹುಟ್ಟಿದ ಎರಡು ವರ್ಷದ ನಂತರ ಹೋದರೆ ಅವರು ಅದನ್ನು ಕೈಗೆತ್ತಿಕೊಳ್ಳುವಂತಿಲ್ಲ. ಈ ಎರಡು ವರ್ಷವನ್ನು ಕ್ಯಾಲೆಂಡರ್‌ನಲ್ಲಿ ಗುರುತು ಹಾಕಿಡಿ. ರಾಜಿ ಆಗದಿದ್ದರೆ ಅವರು ವರದಿ ಕೊಡುತ್ತಾರೆ. ವರದಿ ಕೈಗೆ ಬಂದ 90 ದಿನದೊಳಗೆ ನೀವು ಕೈಗಾರಿಕಾ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಮೊದಲಾದರೆ ಇಂಥ ವಿವಾದವನ್ನು ಸರ್ಕಾರವೇ ನ್ಯಾಯಾಲಯಕ್ಕೆ ಒಪ್ಪಿಸಲಿ ಅಂತ ಕಾಯಬೇಕಿತ್ತು. ಈಗ ಆ ಕಾಯುವಿಕೆ ಇಲ್ಲ, ಆದರೆ 90 ದಿನದ ಗಡುವು ನಿಮ್ಮ ತಲೆ ಮೇಲೆ.

ಅರ್ಜಿಯಲ್ಲಿ ಮುಖ್ಯವಾಗಿ ಎತ್ತಬೇಕಾದ್ದು "ಅನುಚಿತ ಕಾರ್ಮಿಕ ಪದ್ಧತಿ". ಅಂದರೆ ಕಾಯಂ ನೌಕರರ ಸವಲತ್ತು ತಪ್ಪಿಸುವ ಉದ್ದೇಶದಿಂದಲೇ ನೌಕರರನ್ನು ಬದಲಿ, ದಿನಗೂಲಿ, ತಾತ್ಕಾಲಿಕ ಅಂತ ವರ್ಷಾನುಗಟ್ಟಲೆ ಮುಂದುವರಿಸುವುದು. ಹಳೆಯ ಕಾಯ್ದೆಯ ಐದನೇ ಅನುಸೂಚಿಯಲ್ಲಿದ್ದ ಈ ಮಾತು ಹೊಸ ಕೋಡ್‌ನ ಎರಡನೇ ಅನುಸೂಚಿಯಲ್ಲೂ ಇದೆ. ಇದರ ಬಲ ಏನು ಅಂತ ತಿಳಿಯಲು ಪಕ್ಕದ ಮಹಾರಾಷ್ಟ್ರ ನೋಡಿ. ಅಲ್ಲಿನ ರಾಜ್ಯ ಸಾರಿಗೆ ನಿಗಮದ ಸ್ವಚ್ಛತಾ ನೌಕರರ ಪ್ರಕರಣದಲ್ಲಿ 2009ರಲ್ಲಿ ಸುಪ್ರೀಂ ಕೋರ್ಟ್, ಅನುಚಿತ ಪದ್ಧತಿ ಸಾಬೀತಾದರೆ ಕಾಯಂ ಮಾಡಿ ಅಂತ ಹೇಳುವ ಕಾರ್ಮಿಕ ನ್ಯಾಯಾಲಯದ ಅಧಿಕಾರವನ್ನು ಉಮಾದೇವಿ ತೀರ್ಪು ಕಿತ್ತುಕೊಂಡಿಲ್ಲ ಅಂದಿತು. ಅದು ಮಹಾರಾಷ್ಟ್ರದ ಪ್ರತ್ಯೇಕ ಕಾಯ್ದೆಯಡಿ ಬಂದ ತೀರ್ಪು, ನಿಜ. ಆದರೆ 2014ರ ಹರಿನಂದನ್ ಪ್ರಸಾದ್ ಪ್ರಕರಣ ಕೇಂದ್ರ ಕಾಯ್ದೆಯಡಿಯೂ ಈ ಅಧಿಕಾರ ಇದೆ ಅಂತ ಒಪ್ಪಿತು. ಹುದ್ದೆ ಖಾಲಿ ಇರಬೇಕು, ಅಥವಾ ನಿಮ್ಮಂಥವರನ್ನೇ ಕಾಯಂ ಮಾಡಿ ನಿಮ್ಮನ್ನು ಬಿಟ್ಟಿರಬೇಕು. ಎರಡನೇ ಮಾಹಿತಿ ಹಕ್ಕು ಅರ್ಜಿ ಹಾಕಿಸಿದ್ದು ಇದಕ್ಕೇ.

ಸೀದಾ ಹೈಕೋರ್ಟಿಗೆ ರಿಟ್, ಅಂದರೆ ನಿಗಮಕ್ಕೆ ಆದೇಶ ಕೊಡಿ ಅಂತ ನೇರ ಅರ್ಜಿ, ಹಾಕೋಣ ಅಂತ ಕೆಲವರಿಗೆ ಅವಸರ. ಎಷ್ಟು ದಿನ ದುಡಿದಿರಿ ಅನ್ನೋದರಲ್ಲೇ ತಕರಾರು ಇದ್ದರೆ ಹೈಕೋರ್ಟ್ ಸಾಮಾನ್ಯವಾಗಿ ಸಾಕ್ಷಿ ವಿಚಾರಣೆಗೆ ಇಳಿಯುವುದಿಲ್ಲ, ಕೈಗಾರಿಕಾ ನ್ಯಾಯಮಂಡಳಿಗೆ ಹೋಗಿ ಅನ್ನುತ್ತದೆ. ಅಷ್ಟರಲ್ಲಿ ವರ್ಷಗಳು ಕಳೆದಿರುತ್ತವೆ. ದಾಖಲೆಯಲ್ಲಿ ಏನೂ ತಕರಾರಿಲ್ಲ, ಅರ್ಹರಾಗಿದ್ದರೂ ನಿಗಮ ಪರಿಶೀಲಿಸಲೇ ಇಲ್ಲ ಅನ್ನುವಂತಿದ್ದರೆ ಮಾತ್ರ ರಿಟ್ ಸರಿ.

ವಕೀಲರ ಫೀಸಿಗೆ ದುಡ್ಡಿಲ್ಲವಾ? ಉಚಿತ ಕಾನೂನು ನೆರವು ಪಡೆಯುವವರ ಪಟ್ಟಿಯಲ್ಲಿ ಕೈಗಾರಿಕಾ ಕಾರ್ಮಿಕರೂ ಇದ್ದಾರೆ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಅಥವಾ 15100ಕ್ಕೆ ಫೋನ್ ಮಾಡಿ.

ಹಂತ 7: ಏನೇನು ಕೇಳಬೇಕು

ಬರೀ "ಕಾಯಂ ಮಾಡಿ" ಅಂತ ಒಂದೇ ಕೋರಿಕೆ ಇಟ್ಟರೆ, ಅದು ಬಿದ್ದ ದಿನ ಕೈ ಖಾಲಿ. ಜೊತೆಗೆ ಸಮಾನ ವೇತನ ಕೇಳಿ. 2016ರ ಜಗ್ಜಿತ್ ಸಿಂಗ್ ತೀರ್ಪಿನ ಪ್ರಕಾರ ಕಾಯಂ ನೌಕರ ಮಾಡುವ ಅದೇ ಕೆಲಸ ಮಾಡುವ ತಾತ್ಕಾಲಿಕ ನೌಕರನಿಗೆ ಆ ವೇತನ ಶ್ರೇಣಿಯ ಕನಿಷ್ಠ ಮೊತ್ತ ಸಿಗಬೇಕು. ಇದಕ್ಕೆ ಕಾಯಂ ಆಗಬೇಕಿಲ್ಲ. ಮುಂದಿನ ನೇರ ನೇಮಕಾತಿಯಲ್ಲಿ ವಯಸ್ಸಿನ ಸಡಿಲಿಕೆ, ಸೇವೆಗೆ ಹೆಚ್ಚುವರಿ ಅಂಕವನ್ನೂ ಕೇಳಿ. ಉಮಾದೇವಿ ಪ್ರಕರಣದಲ್ಲೇ ವಾಣಿಜ್ಯ ತೆರಿಗೆ ಇಲಾಖೆಯ ನೌಕರರಿಗೆ ಕೋರ್ಟ್ ಇದನ್ನು ಕೊಟ್ಟಿತ್ತು. ಮತ್ತೆ, ಕೇಸು ನಡೆಯುತ್ತಿದೆ ಅಂತ ಅಧಿಸೂಚನೆ ಬಂದಾಗ ಅರ್ಜಿ ಹಾಕದೆ ಕೂರಬೇಡಿ. ವಯಸ್ಸು ಕೇಸಿಗಾಗಿ ಕಾಯುವುದಿಲ್ಲ.

ಮಧ್ಯದಲ್ಲಿ ಕೆಲಸದಿಂದ ತೆಗೆದರೆ

240 ದಿನ ಉಪಯೋಗಕ್ಕೆ ಬರುವುದು ಇಲ್ಲಿ. ಒಂದು ತಿಂಗಳ ನೋಟಿಸ್ ಅಥವಾ ಅದರ ಸಂಬಳ, ಜೊತೆಗೆ ಪೂರ್ಣಗೊಂಡ ಪ್ರತಿ ವರ್ಷಕ್ಕೆ 15 ದಿನದ ಸರಾಸರಿ ವೇತನ ಕೊಡದೆ ತೆಗೆಯುವಂತಿಲ್ಲ. ಕೊನೆಗೆ ಬಂದವರನ್ನು ಮೊದಲು ತೆಗೆಯಬೇಕು ಅನ್ನೋದು ನಿಯಮ. ನಿಮ್ಮ ನಂತರ ಸೇರಿದವರನ್ನು ಇಟ್ಟುಕೊಂಡು ನಿಮ್ಮನ್ನು ತೆಗೆದರೆ ಆ ಹೆಸರುಗಳನ್ನು ಬರೆದಿಡಿ. ಕಳ್ಳತನ, ಟಿಕೆಟ್ ಹಣದ ದುರುಪಯೋಗದಂಥ ಆರೋಪ ಹೊರಿಸಿ ತೆಗೆದರೆ, ಪ್ರೊಬೇಷನರಿ ಆದರೂ ಸರಿ, ವಿಚಾರಣೆ ಬೇಕು.

ನಿಯಮ ಮುರಿದು ತೆಗೆದರು ಅಂತ ಸಾಬೀತಾದರೂ ದಿನಗೂಲಿಯವರಿಗೆ ವಾಪಸ್ ಕೆಲಸ ಸಿಗುತ್ತದೆ ಅನ್ನೋ ಖಾತ್ರಿ ಇಲ್ಲ. 2013ರ ಭೂರುಮಲ್ ತೀರ್ಪಿನ ನಂತರ ಹಲವು ಸಲ ಬರೀ ಪರಿಹಾರದ ಹಣಕ್ಕೇ ಮುಗಿಯುತ್ತದೆ.

ಖಾಲಿ ಹಾಳೆಗೆ ಸಹಿ ಹಾಕಬೇಡಿ. "ಎಲ್ಲಾ ಬಾಕಿ ಪಡೆದಿದ್ದೇನೆ" ಅನ್ನೋ ಕಾಗದಕ್ಕೂ ಓದದೆ ಹಾಕಬೇಡಿ. ಎರಡು ದಿನ ಬಿಡಿಸಿ "ಹೊಸದಾಗಿ ಸೇರುತ್ತಿದ್ದೇನೆ" ಅಂತ ಬರೆಸಿಕೊಳ್ಳುವುದು ಹಳೆಯ ಚಾಳಿ. ಸಹಿ ಹಾಕಲೇಬೇಕಾದ ಪರಿಸ್ಥಿತಿ ಬಂದರೆ ಪಕ್ಕದಲ್ಲಿ ತಾರೀಖು ಬರೆಯಿರಿ, ಪ್ರತಿ ಕೇಳಿ, ಅದೇ ವಾರ ಆಕ್ಷೇಪಣೆಯನ್ನು ಪೋಸ್ಟ್ ಮಾಡಿ.

ಮುಷ್ಕರದ ಬಗ್ಗೆ ಒಂದು ಮಾತು. 2021ರ ಏಪ್ರಿಲ್‌ನ ಸಾರಿಗೆ ಮುಷ್ಕರದಲ್ಲಿ ಕೆಲಸ ಕಳೆದುಕೊಂಡವರಲ್ಲಿ ಟ್ರೈನಿ, ಪ್ರೊಬೇಷನರಿಗಳೂ ಇದ್ದರು. ಈಗಿನ ಕೋಡ್ ಪ್ರಕಾರ 14 ದಿನ ಮೊದಲು ನೋಟಿಸ್ ಕೊಡದೆ, ಅಥವಾ ಸಂಧಾನ ನಡೆಯುತ್ತಿರುವಾಗ ಮುಷ್ಕರ ಮಾಡುವಂತಿಲ್ಲ. ಕಾಯಂ ಆಗದವರು ಇದನ್ನು ನೋಡಿಕೊಂಡೇ ಹೆಜ್ಜೆ ಇಡಬೇಕು.

ಏಜೆನ್ಸಿಯಿಂದ ಬಂದವರಿಗೆ

2001ರ ಸ್ಟೀಲ್ ಅಥಾರಿಟಿ ತೀರ್ಪಿನ ಪ್ರಕಾರ ಆ ಕೆಲಸದಲ್ಲಿ ಗುತ್ತಿಗೆ ಪದ್ಧತಿಯನ್ನೇ ಸರ್ಕಾರ ನಿಷೇಧಿಸಿದರೂ ನೌಕರ ತಾನಾಗೇ ಮೂಲ ಸಂಸ್ಥೆಗೆ ಸೇರುವುದಿಲ್ಲ. ಗೆಲ್ಲಲು ಒಂದೇ ದಾರಿ: ಗುತ್ತಿಗೆ ಬರೀ ಕಾಗದದ್ದು, ನಿಜವಾದ ಯಜಮಾನ ನಿಗಮವೇ ಅಂತ ತೋರಿಸಬೇಕು. ಡ್ಯೂಟಿ ಹಾಕುವವರು ಯಾರು? ರಜೆ ಮಂಜೂರು ಮಾಡುವವರು ಯಾರು? ಮೆಮೋ ಯಾರ ಲೆಟರ್‌ಹೆಡ್‌ನಲ್ಲಿ ಬರುತ್ತದೆ? ಏಜೆನ್ಸಿ ಬದಲಾದಾಗಲೂ ಅದೇ ಡಿಪೋದಲ್ಲಿ ಅದೇ ಕೆಲಸ ಮುಂದುವರಿಯಿತಾ? ಇವುಗಳಿಗೆ ಕಾಗದದ ಉತ್ತರ ಇದ್ದರೆ ಕೇಸಿಗೆ ಜೀವ ಇದೆ. ಬಸ್ಸೂ ಕಂಪನಿಯದು, ಮೇಲ್ವಿಚಾರಕರೂ ಕಂಪನಿಯವರು ಅನ್ನುವ ಎಲೆಕ್ಟ್ರಿಕ್ ಬಸ್ ಚಾಲಕರಿಗೆ ಇದು ಬಹಳ ಕಷ್ಟ, ಸುಳ್ಳು ಆಸೆ ಹುಟ್ಟಿಸಲಾರೆ. ಅವರು ಪಿಎಫ್, ಇಎಸ್ಐ, ಓವರ್‌ಟೈಮ್ ಸರಿಯಾಗಿ ಬರುತ್ತಿದೆಯಾ ಅಂತ ಹಿಡಿದು ಕೇಳುವುದೇ ಸದ್ಯಕ್ಕೆ ಜಾಸ್ತಿ ಲಾಭದ್ದು. ಏಜೆನ್ಸಿ ಸಂಬಳ ಕೊಡದೆ ಓಡಿಹೋದರೆ ಕೊಡುವ ಹೊಣೆ ಮೂಲ ಸಂಸ್ಥೆಯದು. ಇದಕ್ಕೆ ತಡಮಾಡದೆ ಕಾರ್ಮಿಕ ಇಲಾಖೆಗೆ ದೂರು ಕೊಡಿ. ನಿಗದಿತ ಅವಧಿಯ ಒಪ್ಪಂದದ ಮೇಲೆ ಇರುವವರಿಗೆ ಹೊಸ ಕಾರ್ಮಿಕ ಕೋಡ್‌ಗಳಡಿ ಒಂದು ವರ್ಷಕ್ಕೇ ಗ್ರಾಚ್ಯುಟಿಯ ಹಕ್ಕು ಬರುತ್ತದೆ, ಐದು ವರ್ಷ ಕಾಯಬೇಕಿಲ್ಲ.

ಕೊನೆಗೆ, "ಇಷ್ಟು ಲಕ್ಷ ಕೊಟ್ಟರೆ ಮೇಲಿಂದ ಕಾಯಂ ಆದೇಶ ತರ್ತೀವಿ" ಅನ್ನುವವರು ಪ್ರತಿ ಡಿಪೋ ಸುತ್ತ ಇದ್ದಾರೆ. ಅಂಥ ಆದೇಶ ಬಂದರೂ ಹಂತ 2ರಲ್ಲಿ ಹೇಳಿದ ಅಕ್ರಮ ನೇಮಕದ ಗುಂಪಿಗೆ ನೀವೇ ದುಡ್ಡು ಕೊಟ್ಟು ಸೇರಿದಂತೆ. ಕೇಸಿಗೆ ಅಂತ ಚಂದಾ ಎತ್ತಿದರೆ ರಸೀದಿ ಕೇಳಿ, ಕೇಸ್ ನಂಬರ್ ಬರೆದುಕೊಳ್ಳಿ, ಮುಂದಿನ ತಾರೀಖು ಯಾವುದು ಅಂತ ನೀವೇ ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅಥವಾ ವಕೀಲರ ಹತ್ತಿರ ವಿಚಾರಿಸಿ.